ಬಚ್ಚಿಟ್ಟ ದೋಣಿ

"ದೋಣಿ ಎಲ್ಲಿಟ್ಟಿದ್ದೀರಿ?" ನ್ಯಾಯಾಧೀಶೆ ಮತ್ತೊಮ್ಮೆ ಕೇಳಿದರು.

"ಹೇಳಲ್ಲ ಮೇಡಂ," ಅಂದ ಅರ್ವಿಡ್.

ವಿಚ್ಛೇದನದ ತೀರ್ಪಿನಲ್ಲಿ ಮನೆ, ಟ್ರಕ್ಕು, ನಾಯಿ ಎಲ್ಲ ಅವನಿಗೇ ಬಂದಿದ್ದವು. ಮಾರ್ಲಿಸ್ ಕೇಳಿ ಪಡೆದದ್ದು ಒಂದೇ, ಅವನು ಕೈಯಾರೆ ಮಾಡಿದ ದೋಣಿ. ಅದನ್ನು ಅವಳಿಗೆ ಒಪ್ಪಿಸು ಎಂದು ಕೋರ್ಟು ಆದೇಶ ಕೊಟ್ಟರೆ ಈ ಪುಣ್ಯಾತ್ಮ ಎಲ್ಲೋ ಬಚ್ಚಿಟ್ಟು ಬಂದಿದ್ದ. ಈಗ ನ್ಯಾಯಾಂಗ ನಿಂದನೆಯ ಕೇಸು.

ವಕೀಲ ಅವನ ಕಿವಿಗೆ ಬಾಯಿ ಹಚ್ಚಿದ. "ಮೊದಲು ಕೊಟ್ಬಿಡಿ ಮಾರಾಯ್ರೆ. ಆದೇಶ ತಪ್ಪು ಅನ್ಸಿದ್ರೆ ಆಮೇಲೆ ಮೇಲಿನ ಕೋರ್ಟಿಗೆ ಹೋಗೋಣ."

"ಅಷ್ಟೊತ್ತಿಗೆ ಸುಗ್ಗಿ ಮುಗ್ದಿರುತ್ತೆ. ನನ್ನ ದೋಣೀಲಿ ಇವಳ ಹೊಸ ಗೆಳೆಯ ಆ ಗ್ಲೆನ್ ನಿಂತು ಗಳ ಹಾಕ್ತಾನೆ, ಇವಳು ಮುಂದೆ ಕೂತು ಅಕ್ಕಿ ಬಡೀತಾಳೆ. ಅದನ್ನ ನಾನು ದಡದಲ್ಲಿ ನಿಂತು ನೋಡ್ಬೇಕಾ?"

ಮಿನ್ನೆಸೋಟಾದ ಈ ಸರೋವರಗಳಲ್ಲಿ ಕಾಡಕ್ಕಿ ತರುವುದು ಜೋಡಿ ಕೆಲಸ. ಒಬ್ಬರು ಹಿಂದೆ ನಿಂತು ಗಳ ಊರಿ ದೋಣಿ ತಳ್ಳಬೇಕು. ಇನ್ನೊಬ್ಬರು ಮುಂದೆ ಕೂತು, ಒಂದು ಕೋಲಿನಿಂದ ತೆನೆ ಬಗ್ಗಿಸಿ ಇನ್ನೊಂದರಿಂದ ಮೆಲ್ಲಗೆ ಬಡಿಯಬೇಕು. ಗಂಡ ಹೆಂಡತಿ ಬೇರೆಯಾದರು ಎಂದರೆ ಊರವರು ಅಯ್ಯೋ ಪಾಪ ಅನ್ನುವುದಿಲ್ಲ, "ಈ ವರ್ಷ ಯಾರ ಜೊತೆ ಅಕ್ಕಿಗೆ ಹೋಗ್ತೀಯ?" ಅಂತ ಕೇಳುತ್ತಾರೆ. ಹೊಟ್ಟೆ ಉರಿಯಲು ಅಷ್ಟು ಸಾಲದೆ?

"ಹಾಗಾದ್ರೆ ಜೈಲಲ್ಲಿರಿ," ಅಂದರು ನ್ಯಾಯಾಧೀಶೆ. "ದೋಣಿ ಎಲ್ಲಿದೆ ಅಂತ ಹೇಳಿದ ಗಳಿಗೆಗೇ ಬಿಡುಗಡೆ. ಬೀಗದ ಕೈ ನಿಮ್ಮ ಜೇಬಲ್ಲೇ ಇದೆ."

ವಾರ ಕಳೆದ ಮೇಲೆ ಮಾರ್ಲಿಸ್ ಬಂದಳು. ನಡುವೆ ಗಾಜು, ಇಬ್ಬರ ಕೈಯಲ್ಲೂ ಒಂದೊಂದು ಫೋನು.

"ನಿನ್ನ ಹಠಕ್ಕಿಷ್ಟು! ನಾಯಿಗೆ ಊಟ ಯಾರು ಹಾಕ್ತಿದಾರೆ ಅಂತಾದ್ರೂ ಯೋಚ್ನೆ ಮಾಡಿದ್ಯಾ?"

"ನೀನು ಹಾಕ್ತೀಯ ಅಂತ ಗೊತ್ತು. ಹೋಗು, ನಿನ್ನ ಗ್ಲೆನ್ ಗಳ ಹಿಡ್ಕೊಂಡು ಕಾಯ್ತಿರ್ತಾನೆ."

"ಗ್ಲೆನ್ನಾ? ಅವನಿಗೆ ಸ್ನಾನದ ತೊಟ್ಟಿ ನೋಡಿದ್ರೂ ತಲೆ ತಿರುಗುತ್ತೆ."

ಅರ್ವಿಡ್ ಕಣ್ಣು ಕಣ್ಣು ಬಿಟ್ಟ. "ಮತ್ತೆ ದೋಣಿ ಯಾಕೆ ಕೇಳ್ದೆ?"

"ಆ ಬೇಕರಿ ಡೋರೀನ್ ಹೊಸ ಕೋಲು ಕೆತ್ತಿಸ್ಕೊಂಡು ನಿನ್ನನ್ನೇ ಕಾಯ್ತಿದಾಳೆ, ಊರಿಗೆಲ್ಲ ಗೊತ್ತು. ನನ್ನ ಜಾಗದಲ್ಲಿ ಅವಳು ಕೂರೋದಾ? ದೋಣಿ ಕೈಗೆ ಸಿಕ್ಕಿದ್ರೆ ಒಡೆದು ಒಲೆಗೆ ಹಾಕ್ತಿದ್ದೆ."

ಬಿಟ್ಟು ಹೋದವಳಿಗೂ ಇಷ್ಟು ಉರಿಯೇ! ಹೊರಗೆ ಗಾಳಿ ಜೋರಾಗಿತ್ತು. ಇಂಥ ಗಾಳಿಗೆ ಮಾಗಿದ ಕಾಳು ನೀರಿಗೆ ಉದುರುತ್ತದೆಂದು ಇಬ್ಬರಿಗೂ ಗೊತ್ತಿತ್ತು.

"ಮಾರ್ಲಿಸ್, ದೋಣಿ ನಿಮ್ಮಣ್ಣನ ಕೊಟ್ಟಿಗೆ..."

"ಬಾಯ್ಮುಚ್ಚು!" ಅವಳು ಗದರಿದಳು. "ಹೇಳಿದ್ರೆ ನಿನ್ನ ಬಿಟ್ಬಿಡ್ತಾರೆ, ನೀನು ಡೋರೀನ್ ಜೊತೆ ಅಕ್ಕಿಗೆ ಹೊರಡ್ತೀಯ. ಕೊನೇ ಕಾಳು ಉದುರೋವರೆಗೂ ಇಲ್ಲೇ ಬಿದ್ದಿರು."

ಫೋನು ಕುಕ್ಕಿ, ನಾಯಿಗೆ ಊಟ ಹಾಕಲು ಎದ್ದು ಹೋದಳು.