ಸರಸಮ್ಮನ ನಾಲ್ಕೂವರೆ ಅಡಿ

"ನಮ್ ಸರ್ಸಿ ಯಾವಾಗ ಬತ್ತಾಳೆ ಅಯ್ನೋರೆ?" ಹನುಮಕ್ಕ ಕೇಳಿದ್ದು ಅದು ಮೂರನೆಯ ಸಲ.

ಮಧುಗಿರಿಯ ಟೂರಿಂಗ್ ಟಾಕೀಸಿನ ಡೇರೆಯಲ್ಲಿ ಹೆಂಗಸರಿಗೂ ಗಂಡಸರಿಗೂ ನಡುವೆ ಸೊಂಟದೆತ್ತರದ ತಡಿಕೆ ಕಟ್ಟಿದ್ದರು. ಆ ಕಡೆಯ ಅಂಚಿನಲ್ಲಿ ಹನುಮಕ್ಕ, ಈ ಕಡೆ ರೇಣುಕಯ್ಯ. "ಬರ್ತಾಳೆ, ನೋಡ್ತಾ ಇರಮ್ಮ" ಎಂದ ರೇಣುಕಯ್ಯ.

ಆ ಸಿನಿಮಾವನ್ನು ಮದರಾಸಿನ ಸ್ಟುಡಿಯೋದಲ್ಲಿ ಕತ್ತರಿಸಿ ಜೋಡಿಸಿದವನು ಅವನೇ. ನಾಟಕ ಕಂಪನಿಯಲ್ಲಿದ್ದ ಸರಸಮ್ಮನಿಗೆ ನಾಯಕಿಯ ಗೆಳತಿಯ ಪಾತ್ರ ಕೊಡಿಸಿದವನೂ ಅವನೇ. ಚಿತ್ರೀಕರಣ ಮುಗಿದ ತಿಂಗಳಿಗೇ ಅವಳು ವಿಷಮಶೀತ ಜ್ವರ ಬಂದು ತೀರಿಕೊಂಡಳು. ಅವಳದೊಂದು ಫೋಟೋ ಕೂಡ ಊರಿನಲ್ಲಿರಲಿಲ್ಲ. ಐ.ಡಿ.ಹಳ್ಳಿಯಲ್ಲಿದ್ದ ತಾಯಿ ಹನುಮಕ್ಕನಿಗೆ ರೇಣುಕಯ್ಯ ಕಾಗದ ಬರೆದಿದ್ದ: ಮಗಳ ಮುಖ, ಮಾತು ಎರಡೂ ಸಿನಿಮಾದಲ್ಲಿ ಉಳಿದಿವೆ, ಅದು ಮಧುಗಿರಿಗೆ ಬಂದಾಗ ನಾನೇ ತೋರಿಸುತ್ತೇನೆ.

ಆಮೇಲೆ ಯುದ್ಧಕಾಲದ ಸರ್ಕಾರಿ ಆಜ್ಞೆ ಬಂತು. ಫಿಲಂ ಅಭಾವ, ಯಾವ ಚಿತ್ರವೂ ಹನ್ನೊಂದು ಸಾವಿರ ಅಡಿ ಮೀರಕೂಡದು. ಮೊದಲು ಗೆಳತಿಯನ್ನು ತೆಗೆ ಎಂದರು ಮಾಲೀಕರು. ತೆಗೆದ. ನಾಯಕಿಯ ಹಿಂದೆ ಅವಳು ಕೊಡ ಹೊತ್ತು ಹಾದು, ತಿರುಗಿ ನಗುವ ನಾಲ್ಕೂವರೆ ಅಡಿಯನ್ನು ಮಾತ್ರ ಅವರ ಕಣ್ಣು ತಪ್ಪಿಸಿ ಉಳಿಸಿದ್ದ. ತೆರೆಯ ಮೇಲೆ ಅದು ಮೂರು ಸೆಕೆಂಡು.

ಬಾವಿಕಟ್ಟೆಯ ಹಾಡು ಶುರುವಾಯಿತು. ರೇಣುಕಯ್ಯ ತಡಿಕೆಯ ಮೇಲೆ ಬಾಗಿ, "ಈಗ ಬರ್ತಾಳೆ, ಎಡಗಡೆ ನೋಡಮ್ಮ" ಎಂದ.

"ಯಾವ ಕಡೆ?" ಎಂದು ಹನುಮಕ್ಕ ಅವನತ್ತ ತಿರುಗಿದಳು. ಅಷ್ಟರಲ್ಲಿ ಸರಸಮ್ಮ ನಕ್ಕು ಹೋಗಿಯಾಗಿತ್ತು.

ಆಟ ಮುಗಿದು ಜನ ಎದ್ದರೂ ಹನುಮಕ್ಕ ಏಳಲಿಲ್ಲ. "ಎಲ್ಲಿ ಅವ್ಳು? ನಾನು ಕಣ್ಣೇ ಮುಚ್ಚಿಲ್ಲ."

"ಬಂದು ಹೋದ್ಲಮ್ಮ. ನೀನು ನನ್ನ ಕಡೆ ತಿರುಗಿದಾಗ."

"ಅಷ್ಟೇಯಾ?" ಎಂದಳು. ಅದು ಕೊನೆಯ ಆಟ. ಬೆಳಗಾದರೆ ಡೇರೆ ಶಿರಾಕ್ಕೆ ಹೊರಡುತ್ತಿತ್ತು.

ಬೆಳಿಗ್ಗೆ ಆಪರೇಟರ್ ಗಂಗಹನುಮಯ್ಯ ಫಿಲಂ ಡಬ್ಬಿಗಳನ್ನು ಗಾಡಿಗೆ ಏರಿಸುತ್ತಿದ್ದಾಗ ರೇಣುಕಯ್ಯ ಹೋಗಿ ನಿಂತ. "ಐದನೇ ಡಬ್ಬಿ ಕೊಡು. ಒಂದು ಗೇಣು ಬೇಕು."

"ಗೊತ್ತಾದ್ರೆ ನಮ್ಮಿಬ್ರ ಹೊಟ್ಟೆ ಮೇಲೂ ಹೊಡೀತಾರೆ ಕಣಯ್ಯ!"

"ಗೊತ್ತಾಗದ ಹಾಗೆ ಸೇರಿಸೋದೇ ನನ್ನ ಕೆಲಸ."

ಸರಸಮ್ಮ ನಗುವಲ್ಲಿಂದ ಒಂದು ಗೇಣು ಕತ್ತರಿಸಿ ತೆಗೆದ. ಉಳಿದ ಎರಡು ತುದಿಗಳನ್ನು ಅಂಟು ಹಚ್ಚಿ ಸೇರಿಸಿ, ತುಂಡನ್ನು ಕರವಸ್ತ್ರದಲ್ಲಿ ಸುತ್ತಿಕೊಂಡು ಓಡಿದ. ಹನುಮಕ್ಕ ಐ.ಡಿ.ಹಳ್ಳಿಯ ದಾರಿ ಹಿಡಿದಾಗಿತ್ತು. ಊರಾಚೆ ಸಿಕ್ಕಳು.

"ಬಿಸಿಲಿಗೆ ಹಿಡಿದು ನೋಡಮ್ಮ. ಒಲೆ ಹತ್ರ, ದೀಪದ ಹತ್ರ ಇಡಬೇಡ, ಭಗ್ ಅಂತ ಹತ್ಕೊಳ್ಳುತ್ತೆ."

ಹನುಮಕ್ಕ ಕಣ್ಣು ಕಿರಿದು ಮಾಡಿ ಹಿಡಿದಳು. "ಅಯ್ಯೋ, ಇವ್ಳೇ! ಕೊಡ ಹೊತ್ಕಂಡವ್ಳೆ. ನಗ್ತಾವ್ಳೆ!" ಅವಳ ಬೆರಳು ಒಂದು ಚಿತ್ರದಿಂದ ಇನ್ನೊಂದಕ್ಕೆ ಇಳಿಯಿತು. "ಇಲ್ಲೂ ಅವ್ಳೇ. ಇಲ್ಲೂ ಅವ್ಳೇ." ಹನ್ನೆರಡನೆಯದನ್ನು ಮುಟ್ಟಿ ಬೆರಳು ನಿಂತಿತು. ರೇಣುಕಯ್ಯ ಹೊರಡಲು ಹೆಜ್ಜೆ ಕಿತ್ತ.

"ಇಷ್ಟೊಂದು ಜನ ಆಗವ್ಳೆ ಅಯ್ನೋರೆ," ಎಂದಳು ಹನುಮಕ್ಕ, ಬಿಸಿಲಿನಿಂದ ಕಣ್ಣು ತೆಗೆಯದೆ. "ಒಬ್ಳೂ ಅವ್ವಾ ಅನ್ನಲ್ವಲ್ಲ."