ತಿಪೆನೆಯ ಸಾಲು

ನೂಲುಪೆಟ್ಟಿಗೆಯನ್ನು ಗುಡ್ಡದ ಮೇಲೆ ಇಳಿಸಿದವಳೇ ರೀಪೆಕಾ ಅದರ ಕಹಳೆಯ ಬಾಯಿಗೆ ಒಂದು ಹಿಡಿ ಕುರಿ ಉಣ್ಣೆ ತುರುಕಿದಳು. ಅತ್ತೆ ಪಿರಿಹಿರಾ ಇನ್ನೂ ಏದುಸಿರು ಬಿಡುತ್ತ ಹಿಂದೆ ಹತ್ತಿ ಬರುತ್ತಿದ್ದಳು, ನೋಡಲಿಲ್ಲ. ಪೂರ್ವದ ಕಡಲ ಮೇಲೆ ಮತಾರಿಕಿ, ಅದೇ ಕೃತ್ತಿಕೆಯ ಗೊಂಚಲು, ಆಗಷ್ಟೇ ತಲೆ ಎತ್ತಿತ್ತು. ಬೆಳಕು ಹರಿಯುವುದರೊಳಗೆ ಆ ವರ್ಷ ತೀರಿಕೊಂಡವರ ಹೆಸರನ್ನೆಲ್ಲ ಕೂಗಿ ಮುಗಿಸಬೇಕು. ಕೂಗಿದ ಹೆಸರು ನಕ್ಷತ್ರದ ಪಾಲು. ಆಮೇಲೆ ಆ ಜೀವಕ್ಕಾಗಿ ಬಾಗಿಲು ಕಾಯುವಂತಿಲ್ಲ.

ರೀಪೆಕಾಗೆ ಕಾಯಬೇಕಿತ್ತು. ಅವಳ ಗಂಡ ತಿಪೆನೆ ಎಂಟು ತಿಂಗಳ ಹಿಂದೆ ದೋಣಿಯಲ್ಲಿ ಸಿಗಡಿ ಹಿಡಿಯಲು ಹೋದವನು ಮರಳಲಿಲ್ಲ. ದೋಣಿ ಸಿಕ್ಕಿತು, ಅವನು ಸಿಗಲಿಲ್ಲ. ಸಿಗದವನನ್ನು ಸತ್ತವನೆಂದು ಕೂಗುವುದು ಹೇಗೆ?

ಪೆಟ್ಟಿಗೆ ಮಾಡಿದ್ದು ಅತ್ತೆಯ ಗಂಡ, ರೇಡಿಯೋ ರಿಪೇರಿ ಮಾಡುತ್ತಿದ್ದ ಹೋಹೆಪಾ. ಒಂದು ಬದಿಗೆ ಹಳೇ ಗ್ರಾಮಫೋನಿನ ಕಹಳೆ, ನೆತ್ತಿಗೆ ಚಹಾ ಸಾಸರಿನಷ್ಟು ಅಗಲದ ಗಾಜು. ಕಹಳೆಯಿಂದ ದನಿ, ಗಾಜಿನಿಂದ ನಕ್ಷತ್ರದ ಬೆಳಕು, ಎರಡೂ ಒಟ್ಟಿಗೆ ಒಳಗೆ ಹೋದರೆ ಕೆಳಗಿನ ಕದಿರಿಗೆ ನೂಲು ಬಂದು ಸುತ್ತಿಕೊಳ್ಳುತ್ತದೆ. ಎರಡರಲ್ಲಿ ಒಂದು ತಪ್ಪಿದರೂ ಏನೂ ಬರುವುದಿಲ್ಲ. ಹೇಗೆ ಅಂತ ಹೋಹೆಪಾ ಯಾರಿಗೂ ಹೇಳಲಿಲ್ಲ. ಅವನ ಹೆಸರೇ ಅದರಲ್ಲಿ ನೂಲಾಗಿ ಆರು ವರ್ಷವಾಯಿತು, ನಮ್ಮೂರಿನ ಬುದ್ಧಿವಂತರಿಗೆ ಇವತ್ತಿಗೂ ಆ ಗುಟ್ಟು ಬಿಡಿಸಲಾಗಿಲ್ಲ. ಬಂದ ನೂಲನ್ನು ಪಿರಿಹಿರಾ ತಾನೇ ಸೀಳಿದ ನಾರಿನ ಜೊತೆ ಮನೆತನದ ಹೊದಿಕೆಯಲ್ಲಿ ಹೆಸರಿಗೊಂದು ಸಾಲಿನಂತೆ ಹೆಣೆಯುತ್ತಾಳೆ. ಈ ಸಲ ಅಂಚಿನಲ್ಲಿ ಮಗನಿಗೆಂದು ಒಂದು ಸಾಲು ಖಾಲಿ ಬಿಟ್ಟಿದ್ದಳು.

ತಿಂಗಳಿನಿಂದ ಮನೆಯಲ್ಲಿ ಆ ಸಾಲಿನದೇ ಜಗಳ. ಸಾಲು ತುಂಬದಿದ್ದರೆ ಹೋದವನು ನಡುದಾರಿಯಲ್ಲೇ ನಿಂತಿರುತ್ತಾನೆ ಎಂದು ಅತ್ತೆ. ಅವನು ಹೋಗಿದ್ದಾನೆಂದು ಹೇಳಿದವರು ಯಾರು ಎಂದು ಸೊಸೆ. ಒಲೆಯ ಪಕ್ಕ ರೀಪೆಕಾ ಇಟ್ಟುಕೊಂಡಿದ್ದ ತಿಪೆನೆಯ ರಬ್ಬರ್ ಬೂಟುಗಳನ್ನು ನಿನ್ನೆ ಬೆಳಿಗ್ಗೆ ಅತ್ತೆ ಮಾತಿಲ್ಲದೆ ಎತ್ತಿ ಹಿತ್ತಲ ಶೆಡ್ಡಿಗೆ ಹಾಕಿ ಬಂದಳು. ಇವಳದು ಹೆತ್ತ ಕರುಳೋ ಕಲ್ಲೋ ಎಂದುಕೊಂಡ ರೀಪೆಕಾ ಅದೇ ಸಿಟ್ಟಿನಲ್ಲಿ ಉಣ್ಣೆಯನ್ನು ಜೇಬಿಗೆ ಹಾಕಿಕೊಂಡಿದ್ದಳು.

ಗುಡ್ಡದ ಮೇಲೆ ಒಂದೊಂದೇ ಮನೆಯವರು ತಮ್ಮವರ ಹೆಸರು ಕೂಗುತ್ತಿದ್ದರು. ರೀಪೆಕಾ ನಿಂತಲ್ಲಿ ನಿಲ್ಲಲಾರದೆ ಪೆಟ್ಟಿಗೆಯ ಸುತ್ತ ಅಡ್ಡಾಡುತ್ತಿದ್ದಳು.

"ಕಾಲು ಸುಟ್ಟ ಬೆಕ್ಕಿನ ಹಾಗೆ ತಿರುಗ್ಬೇಡ, ಒಂದ್ಕಡೆ ನಿಲ್ಲು."

"ಚಳಿ, ಅತ್ತೆ."

"ಚಳಿ ನಂಗೂ ಇದೆ. ನಾನೇನು ಕುಣೀತಾ ಇದೀನಾ?"

"ಇದೊಂದು ವರ್ಷ ಬಿಟ್ಬಿಡಿ."

"ಬಿಟ್ರೆ ಇನ್ನೊಂದು ವರ್ಷ ಎರಡು ತಟ್ಟೆ ಹಾಕ್ಕೊಂಡು ಕೂತಿರ್ತೀಯ. ನಿಂಗಿನ್ನೂ ಮೂವತ್ತೊಂದು, ಹುಡುಗಿ. ಸುಮ್ನಿರು, ನಮ್ ಸರದಿ ಬಂತು. ಮೊದ್ಲು ನಮ್ಮಕ್ಕಂದು."

ಚಳಿಗಾಲದ ಮೊದಲಲ್ಲಿ ತೀರಿಕೊಂಡ ರಾಹೇರಾ ದೊಡ್ಡಮ್ಮನ ಹೆಸರೂ ಇದೆ ಎನ್ನುವುದು ರೀಪೆಕಾಳ ತಲೆಗೇ ಹೊಳೆದಿರಲಿಲ್ಲ. ತೊಂಬತ್ತು ದಾಟಿ, ಹಾಸಿಗೆಯಲ್ಲಿ ನರಳಿ ನರಳಿ ಹೋದ ಜೀವ. ಅದರ ದಾರಿಗೆ ಉಣ್ಣೆ ತುರುಕುವುದೇ? ಕಹಳೆ ಒರೆಸುವವಳಂತೆ ಬಗ್ಗಿ ಉಣ್ಣೆಯನ್ನು ಕಿತ್ತು ಮುಷ್ಟಿಯಲ್ಲಿ ಬಚ್ಚಿಟ್ಟಳು. ಪಿರಿಹಿರಾ ಅಕ್ಕನ ಹೆಸರನ್ನು ನೀಳವಾಗಿ ಕೂಗಿದಳು. ಕದಿರು ಸರ್ರನೆ ತಿರುಗಿತು. ಬೆಳ್ಳಗಿನ ನೂಲು, ಮಾರುದ್ದ, ಎಲ್ಲೂ ತುಂಡಾಗದೆ ಬಂತು.

ಈಗ ಮತ್ತೆ ತುರುಕಬಹುದಿತ್ತು. ಅತ್ತೆ ಉಸಿರು ಎಳೆದುಕೊಳ್ಳಲು ಪೆಟ್ಟಿಗೆಯ ಆಸರೆ ಹಿಡಿದು, ಕಣ್ಣು ಮುಚ್ಚಿ ನಿಂತಿದ್ದಳು. ರೀಪೆಕಾ ಕೈ ಮುಂದೆ ಮಾಡಿದಳು, ಹಿಂದಕ್ಕೆ ತೆಗೆದಳು. ತಾಯಿ ಮಗನನ್ನು ಕೂಗುವಾಗ ಬಾಯಿ ಕಟ್ಟುವುದಕ್ಕೆ ಕೈ ಬರಲಿಲ್ಲ. ಹೋಗಲಿ, ಇಷ್ಟೇ ನನ್ನ ಹಣೆಬರಹ ಎಂದುಕೊಂಡು ಉಣ್ಣೆಯನ್ನು ಹುಲ್ಲಿಗೆ ಬಿಟ್ಟಳು.

"ತಿಪೆನೆ," ಎಂದು ಕೂಗಿದಳು ಪಿರಿಹಿರಾ. ಕಡಲಿನವರೆಗೆ ಕೇಳುವಂಥ ಕೂಗು.

ಕದಿರು ಅಲುಗಲಿಲ್ಲ. ಎರಡನೇ ಸಲ ಕೂಗಿದಳು, ಮೂರನೇ ಸಲವೂ. ಒಂದೆಳೆಯೂ ಬರಲಿಲ್ಲ. ಆಕಾಶದಲ್ಲಿ ಮೋಡದ ತುಣುಕೂ ಇರಲಿಲ್ಲ. ಗೊಂಚಲು ನಿಚ್ಚಳವಾಗಿ ಕಾಣುತ್ತಿತ್ತು. ಬದುಕಿದ್ದಾನೆ, ನಕ್ಷತ್ರ ಅವನನ್ನು ಬೇಡವೆಂದಿದೆ ಎಂದು ರೀಪೆಕಾ ಒಳಗೊಳಗೇ ಹಿಗ್ಗಿದಳು.

"ಹಳೇ ಪೆಟ್ಟಿಗೆ," ಎಂದಳು ಅತ್ತೆ, ಮುಖ ತೋರಿಸದೆ. "ಕೆಟ್ಟಿರ್ಬೇಕು. ಮುಂದಿನ್ವರ್ಷ ನೋಡಿದ್ರಾಯ್ತು." ಕೈಗಳನ್ನು ಶಾಲಿನೊಳಗೆ ಸೇರಿಸಿಕೊಂಡು, ರಾಹೇರಾಳ ನೂಲನ್ನೂ ಮರೆತು, ಗುಡ್ಡ ಇಳಿಯತೊಡಗಿದಳು.

ಕೆಳಗೆ ಗುಂಡಿ ತೋಡಿ ಮಾಡಿದ ನೆಲದೊಲೆಯ ಮುಚ್ಚಳ ತೆಗೆದಿದ್ದರು. ಗೆಣಸು, ಹಾವುಮೀನು ಬೆಂದ ಹಬೆ ನಕ್ಷತ್ರಗಳ ಪಾಲಿಗೆಂದು ಮೇಲೇಳುತ್ತಿತ್ತು. ಬೆಳಕು ಹರಿಯಿತು. ರೀಪೆಕಾ ಪೆಟ್ಟಿಗೆ ಎತ್ತಲು ಬಗ್ಗಿದಳು, ಹಾಗೆಯೇ ನಿಂತಳು. ಗಾಜಿನ ಮೇಲೆ ಹಿಮ ತೆಳ್ಳಗೆ ಕೂತಿತ್ತು. ನಡುವೆ ಮಾತ್ರ ಕರಗಿ ಒಂದು ಅಂಗೈಯ ಗುರುತು ಉಳಿದಿತ್ತು. ಹೆಬ್ಬೆರಳು ಹೊರಕ್ಕೆ ಸೊಟ್ಟಗಿತ್ತು, ನಲವತ್ತು ವರ್ಷ ನಾರು ಸೀಳಿ ಸೀಳಿ ಸೊಟ್ಟಗಾದ ಹೆಬ್ಬೆರಳು.

ಅವಳು ಅದನ್ನು ತೋಳಿನಿಂದ ಒರೆಸಿದಳು. ಕದಿರಿನ ನೂಲು ಬಿಡಿಸಿಕೊಂಡಳು, ಪೆಟ್ಟಿಗೆ ಹೊತ್ತಳು, ಓಡುತ್ತ ಹೋಗಿ ಇಳಿಜಾರಿನಲ್ಲಿ ಅತ್ತೆಯನ್ನು ಸೇರಿಕೊಂಡಳು.

"ಅತ್ತೆ, ಬೂಟು ಶೆಡ್ಡಲ್ಲೇ ಇರ್ಲಾ?"

"ಒಲೆ ಹತ್ರ ತಂದಿಡು," ಎಂದಳು ಪಿರಿಹಿರಾ. "ಬರೋ ಹೊತ್ತಿಗೆ ಬೆಚ್ಚಗಿರ್ಲಿ."