ತಾಮ್ರದ ತಟ್ಟೆಯ ಲೆಕ್ಕ

ಸುಹೈರ್ ಟೀಚರ ಕೆಂಪು ಪೆನ್ನು ಹನಾಳ ಉತ್ತರದ ಮೇಲೆ ನಿಂತೇಬಿಟ್ಟಿತು. ಇನ್ನೂರು ಪೌಂಡಿಗೆ ಕೊಂಡ ತಾಮ್ರದ ತಟ್ಟೆಯನ್ನು ವ್ಯಾಪಾರಿ ಅಂಗಡಿ ತೆರೆಯುತ್ತಲೇ ನೂರ ಎಂಬತ್ತಕ್ಕೆ ಮಾರಿದರೆ ಶೇಕಡಾ ನಷ್ಟವೆಷ್ಟು ಎಂದು ಕೇಳಿದ್ದಕ್ಕೆ ಹುಡುಗಿ ‘ನಷ್ಟವಿಲ್ಲ’ ಎಂದು ಬರೆದಿದ್ದಳು.

“ಇಪ್ಪತ್ತು ಪೌಂಡು ಎಲ್ಲಿಗೆ ಹೋಯ್ತೇ?”

“ಅದು ಬೋಣಿ ಅಲ್ವಾ ಟೀಚರ್? ಮೊದಲನೇ ಗಿರಾಕೀನ ಬರಿಗೈಲಿ ಕಳಿಸಿದ್ರೇನೇ ನಮ್ಮಪ್ಪಂಗೆ ನಷ್ಟ.”

ತರಗತಿಯಲ್ಲಿ ಯಾರೂ ನಗಲಿಲ್ಲ. ಎಲ್ಲರೂ ಕೈರೋದ ಕಂಚುಗಾರರ ಓಣಿಯ ಮಕ್ಕಳೇ. ಅರ್ಧಕ್ಕರ್ಧ ಪುಸ್ತಕಗಳಲ್ಲಿ ಅದೇ ಉತ್ತರವಿತ್ತು.

“ನಾಡಿದ್ದು ಪರೀಕ್ಷೆ. ಪೇಪರ್ ತಿದ್ದೋರು ನಿಮ್ಮಪ್ಪನ ಅಂಗಡಿ ಕಂಡಿಲ್ಲ, ಸೊನ್ನೆ ಸುತ್ತುತಾರೆ. ಫೇಲಾದ್ರೆ ಇನ್ನೊಂದು ವರ್ಷ ಇದೇ ಬೆಂಚು.”

“ಸುತ್ತಲಿ. ಇಲ್ಲದ ನಷ್ಟಾನ ಇದೆ ಅಂತ ಹೆಂಗೆ ಬರೀಲಿ?”

ಟೀಚರ್ ಉತ್ತರವನ್ನು ಮುಟ್ಟಲಿಲ್ಲ. ಪ್ರಶ್ನೆಯಲ್ಲಿದ್ದ ‘ತೆರೆಯುತ್ತಲೇ’ ಎಂಬುದನ್ನು ಹೊಡೆದುಹಾಕಿ ‘ಮುಚ್ಚುವಾಗ’ ಎಂದು ಬರೆದು ಪುಸ್ತಕವನ್ನು ಅವಳತ್ತ ತಳ್ಳಿದರು. “ಪರೀಕ್ಷೇಲಿ ಬರೋ ವ್ಯಾಪಾರಿಗಳೆಲ್ಲ ಈ ಹೊತ್ತಿಗೇ ಮಾರೋದು ಅಂತ ತಿಳ್ಕೋ.”

“ಎಲ್ರೂನಾ?”

“ಎಲ್ರೂ.”

“ಪಾಪ,” ಎಂದಳು ಹನಾ. ಒಂದು ಗಳಿಗೆಯೂ ಲೆಕ್ಕ ಹಾಕದೆ ‘ಶೇಕಡಾ ಹತ್ತು’ ಎಂದು ಬರೆದಳು.